ಭಾನುವಾರದ ತಿಂಡಿ

ಮದುವೆಯಾಗಿ ಈ ಮನೆಗೆ ಬಂದ ಮೇಲೆ ಐರಿನ್ ಪ್ರತಿ ಭಾನುವಾರ ಚರ್ಚಿನಿಂದ ಬಂದವಳೇ ಅದೇ ತಿಂಡಿ ಮಾಡುತ್ತಿದ್ದಳು. ಬ್ರೆಡ್ಡು, ಬೇಯಿಸಿದ ಬಟಾಟೆ, ಖಾರದ ಸಾಸೇಜು ಹರಡಿ, ಮೇಲೆ ಹಾಲಿನಲ್ಲಿ ಕದಡಿದ ಮೊಟ್ಟೆ ಸುರಿದು ಓವನ್ನಿಗೆ ಇಡುವುದು. ಗಂಡನ ಮೊದಲ ಹೆಂಡತಿ, ತೀರಿಕೊಂಡ ಲವೀನಾ, ಮನೆಮಂದಿಗೆಲ್ಲ ಇದನ್ನೇ ಮಾಡಿ ಬಡಿಸುತ್ತಿದ್ದಳಂತೆ. ಗಂಡ ಅದರ ಮಾತೆತ್ತುತ್ತಿರಲಿಲ್ಲ; ರುಚಿ ಹೇಗಿತ್ತೆಂದು ಹೇಳುವವಳು ಲವೀನಾಳ ಹನ್ನೆರಡು ವರ್ಷದ ಮಗಳು ಶೆರಿಲ್ ಮಾತ್ರ.

"ಹೇಗಿದೆ?" ಎಂದು ಐರಿನ್ ಪ್ರತಿ ಸಲವೂ ಕೇಳುತ್ತಿದ್ದಳು.

"ಮಮ್ಮಿದು ಹೀಗಿರಲಿಲ್ಲ ಆಂಟಿ" ಎಂದು ಶೆರಿಲ್ ಎರಡು ತುತ್ತಿಗೇ ಏಳುತ್ತಿದ್ದಳು. ಗಂಡ ತಲೆ ತಗ್ಗಿಸಿ ತನ್ನ ಪಾಲು ಮುಗಿಸುತ್ತಿದ್ದ. ಉಳಿದದ್ದನ್ನು ಐರಿನ್ ಮಧ್ಯಾಹ್ನ ಅಡುಗೆಮನೆಯಲ್ಲಿ ನಿಂತೇ ತಿನ್ನುತ್ತಿದ್ದಳು.

ಈ ಭಾನುವಾರ ಅವಳು ನೀರುಳ್ಳಿಯನ್ನು ಕೆಂಪಗೆ ಹುರಿದು ಹಾಕಿದಳು. ಕಾಳುಮೆಣಸನ್ನು ಆಗಷ್ಟೇ ಕುಟ್ಟಿ ಉದುರಿಸಿದಳು. ಶೆರಿಲ್ ಒಂದು ತುತ್ತು ಬಾಯಿಗಿಟ್ಟಳು. ಮತ್ತೆ ತಲೆಯೆತ್ತದೆ ತಿಂದಳು. ತಟ್ಟೆ ಖಾಲಿಯಾದಾಗ ಇನ್ನೊಂದು ತುಂಡು ತಾನೇ ಬಡಿಸಿಕೊಂಡಳು. ಮದುವೆಯಾದ ಈ ಎಂಟು ತಿಂಗಳಲ್ಲಿ ಮೊದಲ ಬಾರಿಗೆ ಐರಿನ್ ಅವಳ ಪಕ್ಕದ ಕುರ್ಚಿ ಎಳೆದು ಕುಳಿತಳು.

"ಇವತ್ತು ಸರಿಯಾಗಿದೆಯಾ?"

ಶೆರಿಲ್ ಹೌದೆಂದು ತಲೆಯಾಡಿಸಿದಳು. ಕಣ್ಣು ತುಂಬಿತ್ತು.

"ಡಿಟ್ಟೋ ಮಮ್ಮಿದೇ."

"ಹಾಗಾದ್ರೆ ಮುಂದಿನ ವಾರವೂ ಹೀಗೇ ಮಾಡ್ತೇನೆ."

"ಬೇಡ ಆಂಟಿ, ಇದನ್ನು ಇನ್ನು ಮಾಡ್ಬೇಡಿ" ಎಂದಳು ಹುಡುಗಿ. "ಆಮೇಲೆ ನಂಗೆ ಮಮ್ಮಿದು ಮರೆತು ನಿಮ್ಮದೇ ನೆನಪಿರ್ತದೆ."