ದೋಣಿಗೆ ಅಡ್ಡ ಇಟ್ಟ ಹುಟ್ಟು

ನದಿ ಸಮುದ್ರ ಸೇರುವ ಜಾಗಕ್ಕೆ ನಮ್ಮ ಕಡೆ ಅಳಿವೆ ಅಂತಾರೆ...

ಅಲ್ಲೊಂದು ಧಕ್ಕೆ, ದೋಣಿ ನಿಲ್ಲುವ ಕಲ್ಲುಕಟ್ಟೆ. ಧಕ್ಕೆಯ ಮೆಟ್ಟಿಲಿಗೆ ಏಳೆಂಟು ದೋಣಿ ಕಟ್ಟಿರುತ್ತವೆ. ಹೊಸಬರು ಬಂದರೆ ಅಂಬಿಗರು ಕೂರಿಸಿಕೊಂಡು ಒಂದು ಟೂರ್ ಮಾಡಿಸುತ್ತಾರೆ.

ಮುಕ್ಕಾಲು ಗಂಟೆ ಅಷ್ಟೇ. ಉಪ್ಪುನೀರಲ್ಲಿ ಬೇರು ಬಿಟ್ಟ ಕಾಂಡ್ಲಾ ಗಿಡಗಳ ಸಂದಿಯಲ್ಲಿ ಹೋಗಿ, ಬೆಳ್ಳಕ್ಕಿ ತೋರಿಸಿ, ಒಂದು ನಡುಗಡ್ಡೆ ಸುತ್ತಿ ವಾಪಸ್ಸು.

ಒಂದು ಭಾನುವಾರ ಮಧ್ಯಾಹ್ನ ಹುಬ್ಬಳ್ಳಿ ಕಡೆಯ ಒಬ್ಬ ವ್ಯಾಪಾರಿ ಬಂದ. ಜೊತೆಗೆ ಹೆಂಡತಿ, ವಯಸ್ಸಾದ ತಾಯಿ, ಇಬ್ಬರು ಹೆಣ್ಣುಮಕ್ಕಳು. ಎಲ್ಲರಿಗೂ ಇದೇ ಮೊದಲ ಸಲ.

ಪಾಳಿ ಜಟ್ಟಿ ಅಂಬಿಗನದು.

"ಬರೇ ಮುಕ್ಕಾಲ ತಾಸೇನು? ಗಿಡಾ ನೋಡಾಕ ಇಷ್ಟ ದೂರ ಬರಬೇಕಿತ್ತೇನ? ನದಿ ಸಮುದ್ರ ಕೂಡೋದು ಫೋನಿನ್ಯಾಗ ನೋಡೇನಿ. ಅಲ್ಲಿಗೆ ನಡಿ," ಅಂದ ವ್ಯಾಪಾರಿ.

"ಇಳಿತ ಶುರುವಾಯ್ತು ಒಡೆಯಾ. ಈಗ ನೀರು ದೋಣೀನ ಸಮುದ್ರಕ್ಕೆ ಎಳೀತದೆ. ಕಾಂಡ್ಲಾ ಬೇಕಾದ್ರೆ ಈಗ್ಲೇ ತೋರಿಸ್ತೆ. ಅಳಿವೆ ಬಾಯಿಗೆ ಹೋಗೂಕಾಗೂದಿಲ್ಲ."

"ಡಬಲ್ ಕೊಡ್ತೀನಿ."

"ಅದು ನೀರಿಗೆ ತಿಳಿಯೂದಿಲ್ಲ ಒಡೆಯಾ."

ಹಿಂದೆ ನಿಂತ ದೋಣಿಯವರು ನಕ್ಕರು... ವ್ಯಾಪಾರಿಯ ಮುಖ ಕೆಂಪಾಯಿತು.

ಜಟ್ಟಿ ತನ್ನ ಹುಟ್ಟನ್ನು ತಂದು ಮೆಟ್ಟಿಲಿಗೆ ಅಡ್ಡ ಇಟ್ಟ.

ಅಂದರೆ ಈ ನೀರಿಗೆ ಇವತ್ತು ಯಾರೂ ಇಳಿಯುವಂತಿಲ್ಲ. ಪಾಳಿಯಲ್ಲಿ ಮೊದಲಿದ್ದವನು ಹಾಗೆ ಹುಟ್ಟು ಇಟ್ಟರೆ ಹಿಂದಿನವರೆಲ್ಲ ಸುಮ್ಮನೆ ಕೂರಬೇಕು. ಎಲ್ಲೂ ಬರೆದಿಟ್ಟಿಲ್ಲ... ಅಜ್ಜಂದಿರ ಕಾಲದಿಂದ ನಡೆದು ಬಂದದ್ದು.

ಮುಂದಿನ ಪಾಳಿ ಅವನ ತಮ್ಮ ಮಾಸ್ತಿಯದು.

"ಅಣ್ಣಂಗೆ ಹನ್ನೊಂದು ವರ್ಷದಿಂದ ನೀರಿನ ಹೆದರಿಕೆ ಒಡೆಯಾ. ನೀವು ಬನ್ನಿ, ನಾ ಕರ್ಕಂಡು ಹೋಗ್ತೆ," ಅಂತ ಹೇಳಿ ಮಾಸ್ತಿ ಹುಟ್ಟು ದಾಟಿಬಿಟ್ಟ.

ತನ್ನ ದೋಣಿಗೆ ಇಳಿದು, ಮೆಟ್ಟಿಲ ಮೇಲಿದ್ದ ಚಿಕ್ಕ ಹುಡುಗಿಯನ್ನು ಎತ್ತಿಕೊಳ್ಳಲು ಕೈ ಚಾಚಿದ.

"ಮಾಸ್ತಿ... ಹತ್ತಿ ಬಾ."

"ನಿನ್ನ ಹೆದರಿಕೆಗೆ ನಾವೆಲ್ಲ ಧಕ್ಕೆ ಮೇಲೆ ನೊಣ ಹೊಡೀತಾ ಕೂರಬೇಕಾ ಅಣ್ಣ?"

ಜಟ್ಟಿ ಮೆಟ್ಟಿಲಿಳಿದು ಬಂದ. ಹುಡುಗಿಯನ್ನು ಹಿಂದಕ್ಕೆ ತಳ್ಳಿದ. ಎರಡೂ ಕೈಯಲ್ಲಿ ಹುಟ್ಟು ಎತ್ತಿ, ಚಾಚಿದ ಆ ಕೈಯ ಮೇಲೆ ಬೀಸಿದ.

ಮೂಳೆ ಮುರಿದ ಸದ್ದು ಧಕ್ಕೆಯ ತುದಿಯವರೆಗೂ ಕೇಳಿತು...

ಕುಸಿದ ಮಾಸ್ತಿ ಮತ್ತೆ ಎದ್ದ. ಎರಡನೇ ಪೆಟ್ಟು ಮೊಣಕಾಲಿಗೆ ಬಿತ್ತು.

ಆಮೇಲೆ ಜಟ್ಟಿ ತಮ್ಮನ ದೋಣಿಗೆ ಹಾರಿ, ಲಂಗರಿನ ಕಬ್ಬಿಣ ಎತ್ತಿ ತಳದ ಹಲಗೆಗೆ ಕುಕ್ಕಿದ. ಒಂದು, ಎರಡು, ಮೂರು... ಹಲಗೆ ಸೀಳಿ ನೀರು ನುಗ್ಗಿತು. ನೀರಿನ ಜೊತೆ ಮಾಸ್ತಿಯ ರಕ್ತವೂ ಬೆರೆಯಿತು.

ವ್ಯಾಪಾರಿ ಜಟ್ಟಿಯ ಕುತ್ತಿಗೆ ಹಿಡಿದು ಮೇಲಕ್ಕೆ ಎಳೆದ. "ತಾ ದುಡಿಯಂಗಿಲ್ಲ, ತಮ್ಮ ದುಡದ್ರ ಹೊಟ್ಟಿಕಿಚ್ಚೇನ್ ನಿನಗ?"

ಮೊದಲ ಗುದ್ದಿಗೇ ಎರಡು ಹಲ್ಲು ಉದುರಿದವು.

ಆಮೇಲೆ ಯಾರು ಹೊಡೆದರು, ಯಾರು ಒದ್ದರು ಹೇಳುವುದು ಕಷ್ಟ. ಜೊತೆಗೆ ಗಂಜಿ ಉಂಡ ದೋಣಿಯವರೂ ಒದ್ದರು. ಜಟ್ಟಿ ಕೈ ಅಡ್ಡ ಹಿಡಿಯಲಿಲ್ಲ. ಕಲ್ಲಿನ ಮೇಲೆ ಮುಖ ಅಡಿಯಾಗಿ ಬಿದ್ದಿದ್ದ. ಯಾರೋ ಒಂದು ಕಲ್ಲನ್ನೂ ಎತ್ತಿದರು...

ಆಗ ಮಾಸ್ತಿ, ಜೋತಾಡುವ ಕೈ ಎಳೆದುಕೊಂಡು, ಮೆಟ್ಟಿಲ ಮೇಲೆ ತೆವಳುತ್ತಾ ಬಂದ. ಬಂದವನು ಅಣ್ಣನ ಮೇಲೆ ಬೋರಲು ಬಿದ್ದ.

"ಹೊಡೀಬೇಡಿ... ಬಿಡಿ ಅವನ್ನ."

"ನಿನ್ನ ಕೈ ಮುರದಾನಲ್ಲೋ," ಅಂದ ವ್ಯಾಪಾರಿ.

"ಹನ್ನೊಂದು ವರ್ಷದ ಹಿಂದೆ ಇವನ ಮಗ ದೇವು ಹೀಗೇ ಹುಟ್ಟು ದಾಟಿದ ಒಡೆಯಾ. ಅವತ್ತೂ ಅಣ್ಣ ಹುಟ್ಟು ಎತ್ತಿದ್ದ... ಇದ್ದವನು ಒಬ್ಬನೇ ಮಗ. ಹೊಡೆಯೂಕೆ ಮನಸ್ಸು ಬರ್ಲಿಲ್ಲ. ಕೆಳಗಿಟ್ಟ."

ಮಾಸ್ತಿಗೆ ಅಳು ತಡೆಯಲಾಗಲಿಲ್ಲ.

"ದೋಣಿ ಅವತ್ತೇ ಸಿಕ್ತು. ಹುಡುಗ ಮೂರು ದಿನ ಬಿಟ್ಟು ಸಿಕ್ದ... ಬಂಡೆಗೆ ಬಡಿದು ಅರ್ಧ ಮುಖ ಇರ್ಲಿಲ್ಲ. ನಾನೇ ಎತ್ತಿದ್ದೆ. ಗೊತ್ತಿದ್ದೂ ಇವತ್ತು ದಾಟಿದೆ... ಅಣ್ಣ ಬರೀ ಹೆದರ್ತಾನೆ ಅಂದ್ಕಂಡೆ."

ಎತ್ತಿದ ಕಲ್ಲು ಮೆಲ್ಲಗೆ ಕೆಳಗಿಳಿಯಿತು.

ಜಟ್ಟಿ ಬಾಯಲ್ಲಿದ್ದ ರಕ್ತ ಉಗುಳಿ, ತಮ್ಮನ ತಲೆ ಮೇಲೆ ಕೈ ಇಟ್ಟ.

"ಅಳಬೇಡ ತಮ್ಮಾ... ಕೈ ಕೂಡಿಕೊಳ್ತದೆ."

ವ್ಯಾಪಾರಿಯ ತಾಯಿ ಕಲ್ಲಿನ ಮೇಲೇ ಕುಳಿತು, ಸೆರಗಿನಿಂದ ಜಟ್ಟಿಯ ಬಾಯಿ ಒರೆಸಿದಳು. ಮಗನ ಕಡೆ ತಿರುಗಿ ಇಷ್ಟೇ ಅಂದಳು: "ನಿನ್ನ ಹಡದಾಕಿಗೆ ಇವನ ಮಾರಿ ನೋಡಾಕ ಆಗವಲ್ದು."

ಮಾಸ್ತಿಯನ್ನು ತನ್ನ ಕಾರಿನಲ್ಲೇ ಆಸ್ಪತ್ರೆಗೆ ಕರೆದೊಯ್ದದ್ದು ಅದೇ ವ್ಯಾಪಾರಿ.

ಅವತ್ತು ಹೋಗಿದ್ದರೆ ಅವರೆಲ್ಲ ಮುಳುಗುತ್ತಿದ್ದರಾ? ನನಗೆ ಗೊತ್ತಿಲ್ಲ. ಅಳಿವೆಯಲ್ಲಿ ಅವತ್ತು ಒಂದು ದೋಣಿಯೂ ಮಗುಚಲಿಲ್ಲ... ಯಾಕೆಂದರೆ ಒಂದು ದೋಣಿಯೂ ಹೋಗಲಿಲ್ಲ.

ಮರುದಿನ ನೀರು ಏರುವ ಹೊತ್ತಿಗೆ ಅವರೆಲ್ಲ ಮತ್ತೆ ಬಂದರು. ಊದಿದ ಮುಖದಲ್ಲೇ ಜಟ್ಟಿ ಹುಟ್ಟು ಹಾಕಿದ. ಕಾಂಡ್ಲಾ ಬೇರು ತೋರಿಸಿದ, ಬೇರಿನ ಬುಡದಲ್ಲಿ ಮೀನು ಮೊಟ್ಟೆ ಇಡುವ ಜಾಗ ತೋರಿಸಿದ. ಸಮುದ್ರದ ಸದ್ದು ಕೇಳುವ ತಿರುವಿನಲ್ಲಿ ದೋಣಿ ತಿರುಗಿಸಿದ. ಇನ್ನೂ ಸ್ವಲ್ಪ ಮುಂದೆ ಅಂತ ಯಾರೂ ಅನ್ನಲಿಲ್ಲ.

ದಡಕ್ಕೆ ಇಳಿಯುತ್ತಿದ್ದಂತೆ ವ್ಯಾಪಾರಿಯ ಗೆಳೆಯನ ಫೋನ್ ಬಂತು. "ಟೂರ್ ಹೆಂಗೈತಿ? ಭಾಳ ಸಣ್ಣದಂತಲ್ಲ, ಬರಬಹುದೇನು?"

ವ್ಯಾಪಾರಿ ದೋಣಿ ಕಟ್ಟುತ್ತಿದ್ದ ಜಟ್ಟಿಯ ಕಡೆ ನೋಡಿದ.

"ಬಾರಪಾ... ಮಕ್ಕಳ್ನೂ ಕರ್ಕೊಂಡು ಬಾ. ಅಂವ ಎಲ್ಲಿ ದೋಣಿ ತಿರುಗಸ್ತಾನೋ, ಅಲ್ಲಿಗೆ ಟೂರ್ ಮುಗೀತು ಅಂತ ತಿಳ್ಕೊ. ಮುಂದ ಕೇಳಬ್ಯಾಡ."

.

ಆಗದೇ ಹೋದ ಅನಾಹುತಕ್ಕೆ ಸಾಕ್ಷಿ ಇರುವುದಿಲ್ಲ... ಅದನ್ನು ತಡೆದವನ ಮೈಮೇಲೆ ಗಾಯ ಮಾತ್ರ ಇರುತ್ತದೆ.

ನಿಮ್ಮ ದಾರಿಗೆ ಒಮ್ಮೆ ಅಡ್ಡ ನಿಂತವರು ಯಾರು... ಅವತ್ತು ನೀವು ಅವರಿಗೆ ಏನಂದಿರಿ?