ದಿನಕ್ಕೊಂದು ರದ್ದು

ಹತ್ತು ಗಂಟೆಗೆ ಇನ್ನೂ ನಾಲ್ಕು ನಿಮಿಷ ಇರುವಾಗ ಡೌನ್‌ಲೋಡ್ ಮತ್ತೆ ರದ್ದಾಯಿತು. ಮೂವತ್ತೊಂದು ಪರ್ಸೆಂಟ್‌ವರೆಗೆ ತೆವಳಿದ್ದ ನೀಲಿ ಗೆರೆ ಹಲ್ಲಿಯ ಬಾಲದಂತೆ ತಟ್ಟನೆ ಕಳಚಿ ಬಿತ್ತು. ಕನಕರಾಯ ಗಡಿಯಾರ ನೋಡಿದ. ಅವನ ಮುಖದಲ್ಲಿ ಒಂದು ಗೆರೆಯೂ ಅಲುಗಲಿಲ್ಲ.

"ಇದು ಎಷ್ಟನೇದಲೇ?" ಪಕ್ಕದಲ್ಲಿ ಕೂತಿದ್ದ ಉಸ್ಮಾನ್‌ಸಾಬ್ ಕೇಳಿದ. ಕನಕರಾಯನ ಗೆಳೆಯ, ಸಿಂಧನೂರಿನಲ್ಲಿ ಕಂಪ್ಯೂಟರ್ ರಿಪೇರಿ ಅಂಗಡಿ ಅವನದು. ಸತ್ತ ಕಂಪ್ಯೂಟರಿನ ಕಿವಿಯಲ್ಲಿ ಅವನು ಊದಿದರೆ ಸಾಕು, ಎದ್ದು ಕೂತು ಚಹಾ ಕೇಳುತ್ತಿತ್ತು.

"ನೂರಾ ನಲವತ್ತು."

"ಪಾಸ್‌ವರ್ಡ್ ಬದಲ್ ಮಾಡಲೇ ಹುಚ್ಚ! ಒಂದು ನಿಮಿಷದ ಕೆಲಸ. ಆಕಿ ಅಲ್ಲಿ ಲಿಂಗಸುಗೂರಾಗ ಕುಂತು ಬಟನ್ ಒತ್ತಾಕತ್ಯಾಳ, ನೀ ಇಲ್ಲಿ ಬಾಯಿ ಬಿಟ್ಕಂಡು ನೋಡಾಕತ್ತಿ."

"ಇರ್ಲಿ ಬಿಡು."

ಆಕಿ ಎಂದರೆ ಭಾಗ್ಯ, ಕನಕರಾಯನ ಹೆಂಡತಿ. ಅವಳು ಮನೆ ಬಿಟ್ಟು ಐದು ತಿಂಗಳಾಗಿತ್ತು.

ಆ ಮನೆಯಲ್ಲಿ ಡೌನ್‌ಲೋಡ್ ಎಂದರೆ ಸಣ್ಣ ಮಾತಲ್ಲ. ಮೇಜಿನ ಮೇಲೆ ಕಂಪ್ಯೂಟರ್, ಟಿವಿ ಕೆಳಗೆ ಆಟದ ಡಬ್ಬಿ, ಕೈಯಲ್ಲಿ ಮೊಬೈಲು. ಮೂರು ಸಂಸ್ಥಾನ, ಮೂರಕ್ಕೂ ನೀರುಣಿಸುವ ಇಂಟರ್ನೆಟ್ ತಂತಿ ಒಂದೇ. ಒಂದು ಆಟ ಪೂರ್ತಿ ಇಳಿಯುವುದರೊಳಗೆ ಅವರ ಊರು ವಳಕಮದಿನ್ನಿಯಲ್ಲಿ ಭತ್ತ ನಾಟಿಯಾಗಿ, ಕೊಯ್ಲಾಗಿ, ಅನ್ನವಾಗಿ, ಉಂಡವರು ಕೈ ತೊಳೆದಿರುತ್ತಿದ್ದರು. ಭಾಗ್ಯಳೇ ಇದಕ್ಕೆಲ್ಲ ದಿವಾನಗಿರಿ ಮಾಡುತ್ತಿದ್ದಳು. ಮೂರರ ಆ್ಯಪ್‌ಗಳೂ ಅವಳ ಫೋನಿನಲ್ಲಿದ್ದವು. ಲಿಂಗಸುಗೂರಿನ ಕಚೇರಿಯಲ್ಲಿ ಕೂತೇ ಒಂದನ್ನು ತಡೆದು ಇನ್ನೊಂದನ್ನು ಬಿಡುತ್ತಿದ್ದಳು, ಕಾಲುವೆ ತೂಬಿನಲ್ಲಿ ಸರದಿಯಂತೆ ನೀರು ಬಿಡುವ ಸವುಡಿಯಂತೆ.

ಒಂದು ಭಾನುವಾರ ಅವಳ ಹೊಲ ಉಳುವ ಆಟ, ಆರು ದಿನ ಕಾದ ಮೇಲೆ, ತೊಂಬತ್ತೆಂಟು ಪರ್ಸೆಂಟ್ ಮುಟ್ಟಿತ್ತು. ತನ್ನ ಬಂದೂಕಿನ ಆಟಕ್ಕೆ ಜಾಗ ಬೇಕೆಂದು ಕನಕರಾಯ ಅದನ್ನು ರದ್ದು ಮಾಡಿದ. ಇದಕ್ಕಿಂತ ಸಣ್ಣ ಕಾರಣಕ್ಕೆ ಸಾಮ್ರಾಜ್ಯಗಳು ಮಣ್ಣಾಗಿವೆ. ಭಾಗ್ಯ ಬೈಯಲಿಲ್ಲ. ನಾಲ್ಕು ಸೀರೆ ಮಡಚಿಕೊಂಡು ಲಿಂಗಸುಗೂರಿನ ತವರಿಗೆ ಹೋದಳು. ಅಂದಿನಿಂದ ಅವನ ಫೋನನ್ನು ಒಮ್ಮೆಯೂ ಎತ್ತಲಿಲ್ಲ.

ಎಂಟು ದಿನ ಕನಕರಾಯ ಕಲ್ಲಾಗಿ ಕೂತ. ಒಂಬತ್ತನೆಯ ಬೆಳಿಗ್ಗೆ ಸುಮ್ಮನೆ ಒಂದು ಡೌನ್‌ಲೋಡ್ ಹಾಕಿದ. ತನ್ನಷ್ಟಕ್ಕೆ ರದ್ದಾಯಿತು. ಮರುದಿನ ಹಾಕಿದ. ಅದೂ ರದ್ದು. ಅಂದು ಎರಡು ರೊಟ್ಟಿ ಹೆಚ್ಚು ತಿಂದ.

ಆಮೇಲೆ ಅವನು ಒಂದು ಆಟವನ್ನೂ ಆಡಲಿಲ್ಲ. ದಿನಾ ಬೆಳಿಗ್ಗೆ ಹಾಕುವುದು, ಕಾಯುವುದು. ಇಂದು ಕಂಪ್ಯೂಟರಿಗೆ, ನಾಳೆ ಡಬ್ಬಿಗೆ. ಎಲ್ಲಿ ಹಾಕಿದರೂ ಅವಳ ಬೆರಳು ಹುಡುಕಿಕೊಂಡು ಬರುತ್ತಿತ್ತು. ನಾಲ್ಕು ನಿಮಿಷಕ್ಕೇ ರದ್ದಾದರೆ ಸಿಟ್ಟು, ಎರಡು ತಾಸು ತಡೆದರೆ ಮನಸ್ಸು ಕರಗುತ್ತಿದೆ; ಪಂಚಾಂಗದವರೂ ಗ್ರಹಗತಿಯನ್ನು ಅಷ್ಟು ಸೂಕ್ಷ್ಮವಾಗಿ ಓದಿರಲಿಕ್ಕಿಲ್ಲ. ಒಮ್ಮೆ ಅವಳ ಹೊಲದ ಆಟವನ್ನೇ ಹಾಕಿ ನೋಡಿದ. ಒಂದೇ ನಿಮಿಷಕ್ಕೆ ಕತ್ತರಿ ಬಿತ್ತು.

"ಇನ್ನ ಮರ್ತಿಲ್ಲ ಆಕಿ," ಎಂದ ಉಸ್ಮಾನ್‌ಸಾಬನಿಗೆ. "ಸೋಮವಾರ ಮುಂಜಾನಿ ಆಕಿ ಕಚೇರ್ಯಾಗ ಮೀಟಿಂಗ್ ಇರ್ತದ. ಸಾಹೇಬ್ರ ಮುಂದ ಕುಂತಾಗೂ ನನ್ನದು ರದ್ದು ಮಾಡ್ತಾಳ ನೋಡು."

ಐದು ತಿಂಗಳಲ್ಲಿ ಅವನು ಆಡಿದ ಅತಿ ಉದ್ದದ ಮಾತು ಅದು.

ಆಮೇಲೊಂದು ಮಂಗಳವಾರ ಯಾರೂ ರದ್ದು ಮಾಡಲಿಲ್ಲ. ಐವತ್ತಾಯಿತು. ಎಂಬತ್ತಾಯಿತು. ತಂತಿಯ ನೀರೆಲ್ಲ ಒಂದೇ ಆಟಕ್ಕೆ ಹರಿದು ಸಂಜೆಗೆ ನೂರು ಮುಟ್ಟಿತು.

"ಗೆದ್ದೆಲೇ ಮಗನೇ!" ಉಸ್ಮಾನ್‌ಸಾಬ್ ಜಿಲೇಬಿ ತಂದ. ಕನಕರಾಯ ಒಂದನ್ನು ಬಾಯಿಗಿಟ್ಟುಕೊಂಡು ಅಗಿಯುವುದನ್ನೇ ಮರೆತ.

ಬುಧವಾರವೂ ತಡೆಯಿಲ್ಲ. ಗುರುವಾರ, ಶುಕ್ರವಾರ. ಎಂದೂ ಇಳಿಯದ ಆಟಗಳು ಒಂದರ ಮೇಲೊಂದು ಇಳಿದು, ಡಿಸ್ಕುಗಳು ಮದುವೆ ಊಟ ಉಂಡವರ ಹೊಟ್ಟೆಯಂತೆ ಬಿಗಿದವು. ಒಂದೊಂದು ನೂರು ಪರ್ಸೆಂಟನ್ನೂ ಅವನು ಸಾವಿನ ಸುದ್ದಿ ಓದಿದಂತೆ ಓದಿದ.

"ಸಿಟ್ಟು ಇಳಿದಿರಬೇಕಲೇ," ಎಂದ ಉಸ್ಮಾನ್‌ಸಾಬ್.

"ಸಿಟ್ಟಿದ್ದಾಗ ನೆನಸ್ತಿದ್ಳು," ಎಂದ ಕನಕರಾಯ.

ಒಂಬತ್ತನೆಯ ದಿನ ಲಿಂಗಸುಗೂರಿನ ಬಸ್ಸು ಹತ್ತಿದ. ಕಾಲಿಗೆ ಬೀಳುವುದು, ಇನ್ನೊಮ್ಮೆ ರದ್ದು ಮಾಡು ಎಂದು ಕೇಳುವುದು. ಅಷ್ಟೇ ಅವನ ಬಳಿ ಇದ್ದ ಯೋಜನೆ. ಮಸ್ಕಿಯಲ್ಲಿ ಬಸ್ಸು ಹತ್ತು ನಿಮಿಷ ನಿಂತಿತು. ಇಳಿದು ಮೂರು ಮಿರ್ಚಿ ತಿಂದ. ಇಡೀ ತಾಲ್ಲೂಕು ಕಣ್ಣೀರಿಡುವಂಥ ಖಾರ. ಅವನಿಗೆ ಉಪ್ಪೋ ಖಾರವೋ ತಿಳಿಯಲಿಲ್ಲ. ಮತ್ತೆ ಬಸ್ಸು ಹತ್ತಿದ.

ಅತ್ತೆ ಪಕೀರಮ್ಮ ಕಪ್ಪು ಕನ್ನಡಕ ಹಾಕಿಕೊಂಡು ಕಟ್ಟೆಯ ಮೇಲೆ ಕೂತಿದ್ದಳು. ಹೆಜ್ಜೆ ಸಪ್ಪಳಕ್ಕೇ ಗುರುತು ಹಿಡಿದಳು. "ಅಳಿಯಪ್ಪ ಏನು? ಬಾ ಬಾ. ಐದು ತಿಂಗಳಿಗೆ ದಾರಿ ಸಿಕ್ತೇನು?"

"ಭಾಗ್ಯ ಎಲ್ಲಿ ರೀ ಅತ್ತಿ?"

"ಆಕಿ ಇಲ್ಲೆಲ್ಲ್ಯದಾಳ? ಬಂದ ವಾರಕ್ಕ ಮಸ್ಕಿಗೆ ವರ್ಗ ಆತು. ಅಲ್ಲೇ ರೂಮ್ ಮಾಡ್ಯಾಳ. ಹೊಸ ಫೋನು, ಹೊಸ ಸ್ಕೂಟಿ, ಆರಾಮದಾಳ."

ಕನಕರಾಯ ಕಟ್ಟೆಯ ಕಂಬ ಹಿಡಿದ. "ಹಳೇ ಫೋನು?"

"ಭಜನಿ ಕೇಳು ಅಂತ ನನಗ ಕೊಟ್ಟು ಹೋಗ್ಯಾಳ." ಪಕೀರಮ್ಮ ಎಲೆಯಡಿಕೆಯ ಸಂಚಿಯಿಂದ ಅದನ್ನು ಹೊರತೆಗೆದಳು. "ದಿನಾ ಮುಂಜಾನಿ ಭಜನಿ ನಡುವ ಏನೋ ನೀಲಿ ಗೆರಿ ಬಂದು ಕಾಡ್ತಿತ್ತಪ್ಪ. ನನಗ ಓದಾಕ ಎಲ್ಲಿ ಬರ್ತದ? ಕೆಂಪು ಇಂಟು ಗುರ್ತು ಕಂಡ್ರ ಒತ್ತಿ ಬಿಡ್ತಿದ್ದೆ. ಈಗ ಕಣ್ಣಿನ ಆಪರೇಶನ್ ಆಗಿ ಒಂಬತ್ತು ದಿನ, ಫೋನ್ ನೋಡಬ್ಯಾಡ ಅಂದಾರ ಡಾಕ್ಟರು. ಯಾಕಪ್ಪ, ಅಲ್ಲಿ ಏನರ ಕೆಟ್ಟತೇನು?"