ಮೂಲೆ ಸೇರಿದ ಕುದುರೆ

ಕುದುರೆಯನ್ನು ಕೈಗೆತ್ತಿಕೊಂಡ ಮೇಲೆ ಜಿಗಣೆಗೆ ಹೊಳೆಯಿತು, ಅದನ್ನು ಎತ್ತಬಾರದಿತ್ತು. ಅದು ನಿಂತಿದ್ದ ಮನೆ ಖಾಲಿಯಾದರೆ ಎದುರಾಳಿಯ ಮಂತ್ರಿ ನೇರ ಒಳಗೆ ನುಗ್ಗುತ್ತಾನೆ, ಇನ್ನೆರಡು ನಡೆಯಲ್ಲಿ ರಾಜನ ಕತೆ ಮುಗಿಯುತ್ತದೆ. ಅದೂ ಚಾಂಪಿಯನ್ ಪಟ್ಟದ ಕೊನೆಯ ಆಟದಲ್ಲಿ! ಕಚ್ಚಿಕೊಂಡರೆ ಬಿಡದೆ ಆಡುತ್ತಾನೆಂದೇ ಚದುರಂಗದ ಮಂದಿ ಅವನಿಗೆ ಜಿಗಣೆ ಎಂದು ಹೆಸರಿಟ್ಟಿದ್ದರು. ಆದರೆ ಈ ಪಟ್ಟ ಮಾತ್ರ ಮೂರು ಸಲ ಬಾಯಿಗೆ ಬಂದು ಜಾರಿತ್ತು. ಈಗ ತಲೆ ಅರ್ಧ ಬೋಳಾಗಿದೆ. ಈ ಸಲವೂ ಜಾರಿದರೆ ಇನ್ನೊಂದು ಸಲ ಎಂಬುದಿಲ್ಲ.

ಕಣ್ಣನ್ನು ಸುತ್ತ ಓಡಿಸಿದ. ಎದುರಾಳಿ ಹುರಿಮೀಸೆಯವನು ಎದ್ದುಹೋಗಿ, ನೀರಿನ ಹೂಜಿಯ ಹತ್ತಿರ ಬೆನ್ನು ಮಾಡಿ ನಿಂತಿದ್ದ. ತೀರ್ಪುಗಾರ ಗಾಳಿಗೆ ಬಡಿದುಕೊಳ್ಳುತ್ತಿದ್ದ ಕಿಟಕಿಯ ಚಿಲಕದ ಜೊತೆ ಗುದ್ದಾಡುತ್ತಿದ್ದ. ಆಟ ನೋಡಲು ಬಂದವರೆಲ್ಲ ಆ ಕಿಟಕಿಯನ್ನೇ ನೋಡುತ್ತಿದ್ದರು. ಬೆಳಗಿನಿಂದ ಅಲ್ಲಾಡದ ಮರದ ಕಾಯಿ ನೋಡಿದವರಿಗೆ ಅಲ್ಲಾಡುವ ಕಿಟಕಿಯೇ ದೊಡ್ಡ ತಮಾಷೆ. ಜಿಗಣೆ ಸದ್ದಿಲ್ಲದೆ ಕುದುರೆಯನ್ನು ಅದರ ಜಾಗದಲ್ಲೇ ವಾಪಸ್ ಇಟ್ಟ.

ಮುಂದಿನ ಸಾಲಿನಿಂದ ಒಂದು ಕೆಮ್ಮು ಬಂತು. ಶೀತದ ಕೆಮ್ಮಲ್ಲ. ಹೆಂಡತಿಯ ಕೆಮ್ಮು.

ಜಿಗಣೆ ತಲೆಯೆತ್ತಲಿಲ್ಲ. ಮುಟ್ಟಿದ ಕಾಯಿಯನ್ನೇ ನಡೆಸಬೇಕೆಂಬ ಆಟದ ಕಟ್ಟಳೆಯನ್ನು ಮದುವೆಯಾದಂದಿನಿಂದ ಮನೆಯಲ್ಲೂ ಜಾರಿಗೆ ತಂದ ಪುಣ್ಯಾತ್ಮ ಅವನೇ. ಹೊರಗೆ ಗೆಲ್ಲಲಾಗದ ಗಂಡಸರು ಮನೆಯಲ್ಲಿ ತೀರ್ಪುಗಾರರಾಗುವುದು ಹೊಸದೇನಲ್ಲ. ಅವಳು ಬದನೆಕಾಯಿ ಮುಟ್ಟಿದರೆ, ಹುಳುಕಾದರೂ ಅದೇ ಚೀಲಕ್ಕೆ ಬೀಳಬೇಕು. ಹೋದ ವಾರವಷ್ಟೇ ಅಂಗಡಿಯಲ್ಲಿ ಒಂದು ಪಿಂಗಾಣಿ ಜಗ್ಗು ಎತ್ತಿ ನೋಡಿದ್ದಳು.

"ರೀ, ಇದರ ಹಿಡಿ ಬಿರುಕು ಬಿಟ್ಟಿದೆ. ಬೇರೆ ನೋಡೋಣ."

"ಕೈ ಹಾಕೋಕ್ ಮುಂಚೆ ಕಣ್ಣು ಹಾಕ್ಬೇಕಿತ್ತು. ಮುಟ್ಟಿದ್ದಾಯ್ತು, ತಗೋ."

"ಅಂಗಡಿಯವನೇ ಬೇರೆ ಕೊಡ್ತೀನಿ ಅಂತಿದಾನೆ, ನಿಮ್ಮದೇನ್ರೀ ಮಧ್ಯದಲ್ಲಿ?"

"ನಿಯಮ ಅಂದ್ರೆ ನಿಯಮ ಕಣೇ. ನನಗೊಂದು, ನಿನಗೊಂದು ಇರಲ್ಲ."

ಅಂಗಡಿಯವನು ನಕ್ಕಿದ್ದ. ಅವಳು ನಕ್ಕಿರಲಿಲ್ಲ.

ಈಗ ಎರಡನೆಯ ಕೆಮ್ಮು ಬಂತು. ಮೊದಲಿನದು ಜ್ಞಾಪನೆ, ಇದು ನೋಟೀಸು. ಮೂರನೆಯದಕ್ಕೆ ಮಾತೇ ಬಂದುಬಿಡುತ್ತದೆಂದು ಜಿಗಣೆಗೆ ಗೊತ್ತಿತ್ತು. ಹಲ್ಲು ಕಚ್ಚಿ ಕುದುರೆಯನ್ನು ಮತ್ತೆ ಹಿಡಿದ. ಎಲ್ಲಿಟ್ಟರೂ ಸಾವೇ. ಸಾಯುವುದೇ ಆದರೆ ನಡುಬೀದಿಯಲ್ಲೇಕೆ ಎಂದು ಅದನ್ನು ಹಲಗೆಯ ಮೂಲೆಯಲ್ಲಿ ಕುಕ್ಕಿ, ಗಡಿಯಾರದ ಗುಂಡಿ ಒತ್ತಿ, ಕೈಕಟ್ಟಿ ಕೂತ. ಬುದ್ಧಿ ನೆಟ್ಟಗಿರುವ ಯಾವನೂ ಕುದುರೆಯನ್ನು ಆ ಮೂಲೆಯಲ್ಲಿ ಇಡುವುದಿಲ್ಲ.

ಹುರಿಮೀಸೆಯವನು ತುಟಿ ಒರೆಸಿಕೊಳ್ಳುತ್ತ ಬಂದು ಕೂತ. ಮಂತ್ರಿಯ ಕಡೆ ಕೈ ಚಾಚಿದ. ಚಾಚಿದ ಕೈ ಗಾಳಿಯಲ್ಲೇ ನಿಂತಿತು. ಬಾಗಿಲು ಹೀಗೆ ಹಾರುಹೊಡೆದಿದೆ ಅಂದಮೇಲೆ ಒಳಗೆ ನಾಯಿ ಇದ್ದೇ ಇರಬೇಕು! ಜಿಗಣೆಯಂಥ ಜಿಗಣೆ ಸುಮ್ಮಸುಮ್ಮನೆ ಕುದುರೆಯನ್ನು ಮೂಲೆಯಲ್ಲಿ ಕಟ್ಟುತ್ತಾನೆಯೇ? ನಾಯಿಯನ್ನು ಹುಡುಕತೊಡಗಿದ. ಕಾಲಾಳುಗಳ ಹಿಂದೆ ಹುಡುಕಿದ, ಆನೆಯ ಮರೆಯಲ್ಲಿ ಹುಡುಕಿದ, ಕೊನೆಗೆ ಜಿಗಣೆಯ ಮುಖದಲ್ಲಿ ಹುಡುಕಿದ. ಆ ಮುಖ ಕೆಂಡದಂತೆ ಕೆಂಪಾಗಿತ್ತು. ಅದು ಹೆಂಡತಿಯ ಮೇಲಿನ ಸಿಟ್ಟು. ಹುರಿಮೀಸೆಗೆ ಮಾತ್ರ ಗೆಲುವಿನ ಕಾವಿನಂತೆ ಕಂಡಿತು. ಯೋಚಿಸಿ ಯೋಚಿಸಿ ಮೀಸೆಯ ಒಂದು ಕಡೆಯ ಹುರಿಯೇ ಬಿಚ್ಚಿಹೋಯಿತು. ಅಷ್ಟರಲ್ಲಿ ಅವನ ಗಡಿಯಾರದ ಕೆಂಪು ಬಾವುಟ ಟಕ್ಕೆಂದು ಬಿತ್ತು. ಸಮಯ ಮುಗಿದವನು ಸೋತಂತೆ. ಜಿಗಣೆ ಚಾಂಪಿಯನ್.

"ಸಾರ್, ಆ ಕುದುರೆ ನಡೆ! ಹೇಗೆ ಹೊಳೀತು ಸಾರ್?" ಎಂದು ಪತ್ರಿಕೆಯವನು ಓಡಿಬಂದ.

ಜಿಗಣೆ ಎದೆಯುಬ್ಬಿಸಿದ. "ಅದಾ? ಅದನ್ನ ನಾನು ಬಹಳ ಹಿಂದೇನೇ ಲೆಕ್ಕ ಹಾಕಿ..."

ಮುಂದಿನ ಸಾಲಿನಿಂದ ಕೆಮ್ಮು ಬಂತು.

"...ಇಲ್ಲಪ್ಪಾ, ಕೈ ತಪ್ಪಿ ಎತ್ತಿಬಿಟ್ಟೆ. ಎತ್ತಿದ್ಮೇಲೆ ಇನ್ನೇನ್ ಮಾಡೋದು, ಎಲ್ಲೋ ಒಂದ್ ಕಡೆ ಇಟ್ಟೆ."

"ಆಹಾ, ಎಂಥಾ ವಿನಯ ಸಾರ್ ನಿಮ್ಮದು!" ಎಂದು ಪತ್ರಿಕೆಯವನು ಕೈ ಮುಗಿದ. ನಿಜ ಹೇಳಿ ಇಷ್ಟು ಮರ್ಯಾದೆ ಸಿಕ್ಕಿದ್ದು ಜಿಗಣೆಗೆ ಜೀವನದಲ್ಲಿ ಅದೇ ಮೊದಲು.

ವೇದಿಕೆಯ ಮೇಲೆ ಸಂಘದ ಅಧ್ಯಕ್ಷರು ಥಳಥಳ ಹೊಳೆಯುವ ಕಪ್ಪನ್ನು ಮುಂದೆ ಚಾಚಿದರು. ಎಷ್ಟು ವರ್ಷದ ಹಸಿವೋ, ಜಿಗಣೆ ಎರಡೂ ಕೈಯಿಂದ ಬಾಚಿಕೊಂಡ. ಕಪ್ಪಿನ ಎಡಗಡೆಯ ಹಿಡಿ ಕಿತ್ತು ಅವನ ಕೈಗೇ ಬಂತು.

"ಛೆ ಛೆ, ತರೋವಾಗ ಎಲ್ಲೋ ಪೆಟ್ಟು ಬಿದ್ದಿರಬೇಕು," ಎಂದು ಅಧ್ಯಕ್ಷರು ಪೇಚಾಡಿಕೊಂಡರು. "ಇದನ್ನ ಇಲ್ಲೇ ಇಟ್ಬಿಡಿ. ನಾಳೆ ಹೊಸದೇ ಕೊಡಿಸ್ತೀವಿ."

ಜಿಗಣೆ ಸಮಾಧಾನದ ಉಸಿರು ಬಿಟ್ಟು, ಕಪ್ಪನ್ನು ಮೇಜಿನ ಮೇಲಿಡಲು ಬಾಗಿದ. ಬಾಗಿದವನು ಹಾಗೆಯೇ ಕತ್ತೆತ್ತಿ ಮುಂದಿನ ಸಾಲಿನ ಕಡೆ ನೋಡಿದ.

ಹೆಂಡತಿ ಗಂಟಲು ಸರಿಮಾಡಿಕೊಳ್ಳುತ್ತಿದ್ದಳು.